9 ಎಂಎಂ ಕಾರ್ಬೈನ್: ಒದೆತ, ಭರವಸೆ, ಹಿಡಿತ ಪರೀಕ್ಷಿಸುವುದು ಹೇಗೆ?

ಅಮೆರಿಕದ ಶೂಟಿಂಗ್ ರೇಂಜ್‌ಗಳಲ್ಲಿ ಈಗ ಪಿಸ್ತೂಲಿನ ತೋಟಾ ಹಾರಿಸುವ ಕಾರ್ಬೈನ್‌ಗಳು ಜಾಸ್ತಿ ಕಾಣುತ್ತವೆ. ಭುಜಕ್ಕೆ ಒರಗಿಸುವ ಸ್ಟಾಕ್ ಇದೆ, ಉದ್ದ ನಳಿಗೆ ಇದೆ, ಆದರೆ ಒಳಗೆ ಹೋಗುವುದು 9 ಎಂಎಂ ಪಿಸ್ತೂಲಿನ ತೋಟಾ. ಈ ಯೋಚನೆ ಹಳೆಯದು. ವಿಂಚೆಸ್ಟರ್ ಕಂಪನಿ 1873ರಲ್ಲಿ .44-40 ತೋಟಾದ ರೈಫಲ್ ತಂದಿತು. ಕೆಲವೇ ವರ್ಷಗಳಲ್ಲಿ ಕೋಲ್ಟ್ ಅದೇ ತೋಟಾಕ್ಕೆ ರಿವಾಲ್ವರ್ ಮಾಡಿತು. ಸೊಂಟದ ಪಟ್ಟಿಯಲ್ಲಿರುವ ತೋಟಾ ಎರಡಕ್ಕೂ ಆಗುತ್ತಿತ್ತು. ಈಗಿನ ಅಲೆಗೆ ಸ್ಪರ್ಧೆಗಳೂ ಒಂದು ಕಾರಣ. ಅಮೆರಿಕದಲ್ಲಿ ಶೂಟಿಂಗ್ ಸ್ಪರ್ಧೆ ನಡೆಸುವ ಯುಎಸ್‌ಪಿಎಸ್‌ಎ ಸಂಸ್ಥೆ 2016ರಲ್ಲಿ ಇಂಥ ಕಾರ್ಬೈನ್‌ಗಳಿಗೇ ಒಂದು ವಿಭಾಗ ಶುರು ಮಾಡಿತು.

ನಮ್ಮೂರ ಕಡೆ ಕಾರ್ಬೈನ್ ಅಂದರೆ ಪೊಲೀಸರ ಹೆಗಲಲ್ಲಿ ತೂಗುತ್ತಿದ್ದ ಸ್ಟರ್ಲಿಂಗ್ ನೆನಪಾಗುತ್ತದೆ. ಭಾರತದಲ್ಲಿ 9 ಎಂಎಂ ನಿಷೇಧಿತ ಬೋರ್, ಸಾಮಾನ್ಯರಿಗೆ ಸಿಗುವುದಿಲ್ಲ. ಅಮೆರಿಕದ ಅಂಗಡಿಯಲ್ಲಿ ಸಿಗುವುದು ಸೆಮಿ ಆಟೋ. ಕುದುರೆ (ಟ್ರಿಗರ್) ಒಂದು ಸಲ ಎಳೆದರೆ ಒಂದೇ ಈಡು.

ಇದನ್ನು ಕೊಳ್ಳುವವರು ಸಾಮಾನ್ಯವಾಗಿ ಒಂದು ಮ್ಯಾಗಜೀನ್ (ತೋಟಾ ತುಂಬುವ ಡಬ್ಬಿ) ಹಾರಿಸಿ ತೀರ್ಮಾನಕ್ಕೆ ಬರುತ್ತಾರೆ. ಅದರಲ್ಲೂ ಕೊಡಗು, ಮಲೆನಾಡಿನಲ್ಲಿ 12 ಬೋರ್ ಕೋವಿ ಹಿಡಿದು ಬೆಳೆದವರಿಗೆ ಇದರ ಒದೆತ ಒದೆತವೇ ಅಲ್ಲ ಅನ್ನಿಸುತ್ತದೆ. ಮೊದಲ ಮ್ಯಾಗಜೀನ್‌ನ ಖುಷಿಯಿಂದ ಕೋವಿಯ ಬಗ್ಗೆ ಏನೂ ತಿಳಿಯುವುದಿಲ್ಲ. ತಿಳಿಯಬೇಕಾದರೆ ಒಂದು ನೋಟ್‌ಬುಕ್, ಮೂರು ನಾಲ್ಕು ಬಗೆಯ ತೋಟಾ ಮತ್ತು ತಾಳ್ಮೆ ಬೇಕು.

ಉದಾಹರಣೆಗೆ ರೂಗರ್ ಕಂಪನಿಯ ಪಿಸಿ ಕಾರ್ಬೈನ್ ತೆಗೆದುಕೊಳ್ಳೋಣ. 2017ರ ಕೊನೆಯಲ್ಲಿ ಬಂದ ಇದು ಬಹಳ ಕಡೆ ಬಾಡಿಗೆಗೂ ಸಿಗುತ್ತದೆ. ನಳಿಗೆ 16.12 ಇಂಚು, ತೂಕ ಸುಮಾರು 3.1 ಕಿಲೋ. ನಳಿಗೆ 16 ಇಂಚು ದಾಟಿರುವುದು ಸುಮ್ನೆ ಅಲ್ಲ. 1934ರ ನ್ಯಾಷನಲ್ ಫೈರ್‌ಆರ್ಮ್ಸ್ ಆ್ಯಕ್ಟ್ ಪ್ರಕಾರ ಅದಕ್ಕಿಂತ ಗಿಡ್ಡ ನಳಿಗೆಯ ರೈಫಲ್‌ಗೆ ಬೇರೆಯೇ ನೋಂದಣಿ ಆಗಬೇಕು.

ಮುಟ್ಟುವ ಮೊದಲು

ವೀಸಾದ ಮಾತು ಮೊದಲು. ಎಚ್-1ಬಿ, ಎಫ್-1 ತರಹದ ವೀಸಾದಲ್ಲಿ ಇರುವವರು ಬಂದೂಕು ಅಥವಾ ತೋಟಾ ಇಟ್ಟುಕೊಳ್ಳುವುದನ್ನು ಅಮೆರಿಕದ ಫೆಡರಲ್ ಕಾನೂನು ಸಾಮಾನ್ಯವಾಗಿ ನಿಷೇಧಿಸುತ್ತದೆ. ಚಾಲ್ತಿಯಲ್ಲಿರುವ ಬೇಟೆ ಲೈಸೆನ್ಸ್‌ನಂಥ ಕೆಲವು ವಿನಾಯಿತಿಗಳಿವೆ. ಗ್ರೀನ್ ಕಾರ್ಡ್ ಇದ್ದವರಿಗೆ ಈ ನಿಷೇಧ ಇಲ್ಲ. ಗೆಳೆಯ ಕರೆದ ಅಂತ ರೇಂಜ್‌ಗೆ ಹೋಗುವ ಮುಂಚೆ ವಕೀಲರನ್ನು ಒಂದು ಮಾತು ಕೇಳಿ. ಇದನ್ನು ಹಗುರವಾಗಿ ತೆಗೆದುಕೊಂಡರೆ ವೀಸಾಕ್ಕೇ ಕುತ್ತು ಬರಬಹುದು. ರಾಜ್ಯದ ಕಾನೂನುಗಳೂ ಬೇರೆ ಬೇರೆ. ಕ್ಯಾಲಿಫೋರ್ನಿಯಾ, ನ್ಯೂಜೆರ್ಸಿಗಳಲ್ಲಿ ಮ್ಯಾಗಜೀನ್‌ಗೆ 10 ಗುಂಡಿನ ಮಿತಿ ಇದೆ.

ಕಿವಿಯ ವಿಷಯದಲ್ಲಿ ರಾಜಿ ಬೇಡ. 140 ಡೆಸಿಬಲ್ ದಾಟಿದ ಒಂದೇ ಸದ್ದು ಕಿವಿಗೆ ಶಾಶ್ವತ ಪೆಟ್ಟು ಕೊಡಬಲ್ಲದು. 9 ಎಂಎಂ ಸದ್ದು ಆ ಮಿತಿಯನ್ನು ಆರಾಮವಾಗಿ ದಾಟುತ್ತದೆ. ಒಳಾಂಗಣ ರೇಂಜ್ ಆದರೆ ಕಿವಿಯೊಳಗೆ ಪ್ಲಗ್, ಮೇಲೆ ಮಫ್, ಎರಡೂ ಹಾಕಿ. ಕನ್ನಡಕ ಬೇಕೇ ಬೇಕು. ಬ್ಲೋಬ್ಯಾಕ್ (ಬೀಗ ಇಲ್ಲದೆ ಹಿಂದಕ್ಕೆ ತೆರೆದುಕೊಳ್ಳುವ) ಕಾರ್ಬೈನ್‌ನಲ್ಲಿ ಮದ್ದಿನ ಹೊಗೆ, ಮಸಿ ಮುಖದ ಕಡೆಗೇ ಬರುತ್ತದೆ.

ಆಮೇಲೆ ಕೋವಿ ಬಿಚ್ಚಿ ನೋಡಿ. ಮ್ಯಾಗಜೀನ್ ತೆಗೆದು, ಬೋಲ್ಟ್ (ತೋಟಾದ ಹಿಂದೆ ಹಿಂದೆ-ಮುಂದೆ ಸರಿಯುವ ಲೋಹದ ಭಾಗ) ಹಿಂದಕ್ಕೆ ಎಳೆದು, ತೋಟಾ ಕೂರುವ ಚೇಂಬರ್ ಖಾಲಿ ಇದೆಯಾ ಅಂತ ಕಣ್ಣಿನಿಂದಲೂ ಕಿರುಬೆರಳಿನಿಂದಲೂ ಖಚಿತ ಮಾಡಿಕೊಳ್ಳಿ. ಕಾರ್ಖಾನೆಯಿಂದ ಬಂದಾಗ ಹಚ್ಚಿರುವ ಎಣ್ಣೆ ತುಕ್ಕು ಹಿಡಿಯದಿರಲಿ ಅಂತ ಹಚ್ಚಿದ್ದು. ಅದನ್ನು ಒರೆಸಿ, ಕೈಪಿಡಿಯಲ್ಲಿ ಹೇಳಿದ ಕಡೆ ಹೊಸ ಎಣ್ಣೆ ಹಾಕಿ. ಪಿಸಿ ಕಾರ್ಬೈನ್ ನಡುವೆ ಎರಡು ತುಂಡಾಗಿ ಬಿಚ್ಚಿಕೊಳ್ಳುತ್ತದೆ. ಆ ಜಾಗದಲ್ಲಿ ಬಿಗಿ ಸರಿಮಾಡಲು ಒಂದು ಉಂಗುರ ಇದೆ. ಜೋಡಿಸಿದ ಮೇಲೆ ನಳಿಗೆ ಸ್ವಲ್ಪವೂ ಅಲುಗಬಾರದು. ಅಲುಗಿದರೆ ಗುರಿ ಪರೀಕ್ಷೆಗೆ ಅರ್ಥವೇ ಇರುವುದಿಲ್ಲ.

ಒದೆತ: ಲೆಕ್ಕ ಒಂದು, ಭುಜಕ್ಕೆ ತಿಳಿಯುವುದು ಇನ್ನೊಂದು

ಲೆಕ್ಕ ಸುಲಭ. 115 ಗ್ರೇನ್ ಗುಂಡಿನ ತೂಕ ಸುಮಾರು 7.45 ಗ್ರಾಂ. 16 ಇಂಚಿನ ನಳಿಗೆಯಿಂದ ಅದು ಸೆಕೆಂಡಿಗೆ 390 ಮೀಟರ್ ವೇಗದಲ್ಲಿ ಹೊರಟಿತು ಅಂದುಕೊಳ್ಳಿ. ಎರಡನ್ನೂ ಗುಣಿಸಿ, 3.1 ಕಿಲೋ ಕೋವಿಗೆ ಹಂಚಿದರೆ, ಕೋವಿ ಸೆಕೆಂಡಿಗೆ ಒಂದು ಮೀಟರ್‌ಗಿಂತ ಸ್ವಲ್ಪ ಕಡಿಮೆ ವೇಗದಲ್ಲಿ ಹಿಂದೆ ಬರಬೇಕು. ಮದ್ದಿನ ಅನಿಲ ಸೇರಿದರೆ ಇನ್ನೊಂದು ಚೂರು ಜಾಸ್ತಿ. .223 ರೈಫಲ್‌ನ ಗುಂಡು ಹಗುರ, ಆದರೆ ವೇಗ ಎರಡು ಪಟ್ಟಿಗಿಂತ ಜಾಸ್ತಿ. ಮದ್ದೂ ಒಂದೂವರೆ ಗ್ರಾಂ ಮೇಲೆ. 9 ಎಂಎಂಗೆ ಅರ್ಧ ಗ್ರಾಂ ಕೂಡ ಇರುವುದಿಲ್ಲ. ಅಂದರೆ ಕಾಗದದ ಮೇಲೆ 9 ಎಂಎಂ ಒದೆತ ಸ್ಪಷ್ಟವಾಗಿ ಕಡಿಮೆ.

ಆದರೂ ಎರಡನ್ನೂ ಹಾರಿಸಿದವರು 9 ಎಂಎಂ ಕಾರ್ಬೈನೇ ಜೋರಾಗಿ ಕುಟ್ಟುತ್ತದೆ ಅಂತ ಎಷ್ಟೋ ಸಲ ಹೇಳುತ್ತಾರೆ. ಅವರು ಹೇಳುವುದು ಸುಳ್ಳಲ್ಲ. ಕಾರಣ ಬೋಲ್ಟ್.

ರೂಗರ್ ಪಿಸಿ, ಕೆಲ್-ಟೆಕ್ ಸಬ್-2000, ಸಿಜೆಡ್ ಸ್ಕಾರ್ಪಿಯನ್ ಇವೆಲ್ಲ ಸರಳ ಬ್ಲೋಬ್ಯಾಕ್. ಇಲ್ಲಿ ಬೋಲ್ಟ್‌ಗೆ ಬೀಗ ಇಲ್ಲ. ಗುಂಡು ನಳಿಗೆ ಬಿಟ್ಟು ಹೋಗುವವರೆಗೆ ತೋಟಾವನ್ನು ಹಿಡಿದಿಡುವುದು ಮುಖ್ಯವಾಗಿ ಬೋಲ್ಟ್‌ನ ತೂಕ. ಹಾಗಾಗಿ ಅದು ಭಾರವಾಗಿರಲೇಬೇಕು. 700 ಗ್ರಾಂ ಬೋಲ್ಟ್ ಇದ್ದರೆ ಅದು ಸೆಕೆಂಡಿಗೆ ಸುಮಾರು 4 ಮೀಟರ್ ವೇಗದಲ್ಲಿ ಹಿಂದೆ ಬಂದು ಕೊನೆಗೆ ಬಡಿಯುತ್ತದೆ. ನಿಮ್ಮ ಭುಜಕ್ಕೆ ತಾಗುವುದು ಆ ಬಡಿತ. ಆಮೇಲೆ ಸ್ಪ್ರಿಂಗ್ ಅದನ್ನು ಮುಂದಕ್ಕೆ ತಳ್ಳುತ್ತದೆ, ಮುಂದೆಯೂ ಒಂದು ಬಡಿತ. ಹೀಗೆ ಒಂದೇ ಈಡಿಗೆ ಎರಡು ಕುಲುಕು. ರೂಗರ್ ತನ್ನ ಬೋಲ್ಟ್‌ನೊಳಗೆ ಟಂಗ್‌ಸ್ಟನ್ ತೂಕ ಇಟ್ಟಿರುವುದು ಈ ಬಡಿತವನ್ನು ಮೆತ್ತಗೆ ಮಾಡಲು. ಎಚ್‌ಕೆ ಎಂಪಿ5ನಲ್ಲಿ ರೋಲರ್‌ಗಳು ಬೋಲ್ಟ್ ತೆರೆಯುವುದನ್ನು ತಡಮಾಡುತ್ತವೆ. ಸಿಗ್ ಎಂಪಿಎಕ್ಸ್ ಅನಿಲದ ಪಿಸ್ಟನ್‌ನಿಂದ ನಡೆಯುತ್ತದೆ. ಅಲ್ಲೆಲ್ಲ ಬೋಲ್ಟ್ ಹಗುರ ಇರಬಹುದು, ಒದೆತವೂ ಮೃದು. ಬೆಲೆ ಮಾತ್ರ ಜಾಸ್ತಿ.

ಇದನ್ನು ಕಣ್ಣಾರೆ ನೋಡಲು ರೆಡ್ ಡಾಟ್ (ಗುರಿಯ ಮೇಲೆ ಕೆಂಪು ಚುಕ್ಕಿ ತೋರಿಸುವ ಸಾಧನ) ಹಾಕಿ, 10 ಗಜ ದೂರದಲ್ಲಿ ಒಂದು ಚಿಕ್ಕ ವೃತ್ತಕ್ಕೆ ನಿಧಾನವಾಗಿ ಹೊಡೆಯಿರಿ. ಕಣ್ಣು ಕೆಂಪು ಚುಕ್ಕಿಯ ಮೇಲೇ ಇರಲಿ. ಚುಕ್ಕಿ ಮೇಲಕ್ಕೆ ಹಾರುತ್ತದೆ, ವಾಪಸ್ ಬರುತ್ತದೆ, ಬೋಲ್ಟ್ ಮುಚ್ಚುವಾಗ ವೃತ್ತದಿಂದ ಸ್ವಲ್ಪ ಕೆಳಕ್ಕೂ ಮುಗ್ಗರಿಸುತ್ತದೆ. ಈ ಕೆಳಗಿನ ಮುಗ್ಗರಿಕೆಯನ್ನು ಬಹಳ ಜನ ಗಮನಿಸುವುದೇ ಇಲ್ಲ. ಬೇಗ ಬೇಗ ಹೊಡೆಯುವಾಗ ಎರಡನೇ ಗುಂಡು ಕೆಳಗೆ ಬೀಳುತ್ತಿದ್ದರೆ ಇದೂ ಕಾರಣ ಇರಬಹುದು. ಚುಕ್ಕಿ ನೇರ ಮೇಲೆ ಹೋಗಿ ನೇರ ಇಳಿಯುತ್ತಿದ್ದರೆ ಒಳ್ಳೆಯದು. ಓರೆಯಾಗಿ ಹೋಗುತ್ತಿದ್ದರೆ ಮೊದಲು ನಿಮ್ಮ ನಿಲುವನ್ನೇ ಸರಿಮಾಡಿಕೊಳ್ಳಿ.

ಜೊತೆಗೆ ಬಂದವರು ಫೈರಿಂಗ್ ಲೈನ್‌ನ ಹಿಂದೆ, ಪಕ್ಕಕ್ಕೆ ನಿಂತು ಫೋನಿನಲ್ಲಿ ಸೆಕೆಂಡಿಗೆ 240 ಫ್ರೇಮ್ ವಿಡಿಯೋ ತೆಗೆಯಲಿ. ಮನೆಗೆ ಹೋಗಿ ನೋಡಿದರೆ ಮೂತಿ ಎಷ್ಟು ಎದ್ದಿತು, ಭುಜ ಎಷ್ಟು ಹಿಂದೆ ಹೋಯಿತು ಎಲ್ಲ ಗೊತ್ತಾಗುತ್ತದೆ.

ಕೊನೆಗೆ ಟೈಮರ್. 7 ಗಜದಿಂದ ಆರು ಈಡು, ಎಲ್ಲವೂ ಒಂದು ತಟ್ಟೆಯಷ್ಟು ಜಾಗದಲ್ಲಿ ಬೀಳುವಷ್ಟೇ ವೇಗದಲ್ಲಿ. ಎರಡು ಈಡುಗಳ ನಡುವಿನ ಸಮಯ ಬರೆದಿಡಿ. ಇದನ್ನೇ 115, 124, 147 ಗ್ರೇನ್ ತೋಟಾಗಳಲ್ಲಿ ಮಾಡಿ. ರೇಂಜ್‌ನಲ್ಲಿ ವೇಗವಾಗಿ ಹೊಡೆಯಲು ಬಿಡುವುದಿಲ್ಲ ಅಂದರೆ ಚುಕ್ಕಿಯ ಪರೀಕ್ಷೆ ಸಾಕು. ನನ್ನ ಅಭಿಪ್ರಾಯದಲ್ಲಿ ಭುಜ ನೋಯಿತಾ ಅನ್ನುವುದಕ್ಕಿಂತ, ಚುಕ್ಕಿ ಎಷ್ಟು ಬೇಗ ವಾಪಸ್ ಬಂತು ಅನ್ನುವುದೇ ಒದೆತದ ನಿಜವಾದ ಅಳತೆ.

ಭರವಸೆ: ಸೊನ್ನೆಯ ಹಿಂದಿನ ಲೆಕ್ಕ

‘ನೂರು ಗುಂಡು ಹೊಡೆದೆ, ಒಂದೂ ಸಿಕ್ಕಿಕೊಳ್ಳಲಿಲ್ಲ’ ಅನ್ನುವ ಮಾತು ಕೇಳಲು ಚೆನ್ನಾಗಿದೆ. ಆದರೆ ಅದು ಹೇಳುವುದು ಬಹಳ ಕಡಿಮೆ. ಸಂಖ್ಯಾಶಾಸ್ತ್ರದಲ್ಲಿ ಒಂದು ಸರಳ ಸೂತ್ರ ಇದೆ. ಒಂದೂ ತೊಂದರೆ ಇಲ್ಲದೆ ಎಷ್ಟು ಈಡು ಆಯಿತೋ ಆ ಸಂಖ್ಯೆಯಿಂದ 3ನ್ನು ಭಾಗಿಸಿ. ಬಂದ ಉತ್ತರಕ್ಕಿಂತ ತೊಂದರೆಯ ಪ್ರಮಾಣ ಜಾಸ್ತಿ ಇರಲಿಕ್ಕಿಲ್ಲ ಅಂತ ಶೇ. 95ರಷ್ಟು ಭರವಸೆಯಿಂದ ಹೇಳಬಹುದು. 100 ಈಡಾದರೆ ಶೇ. 3. ಅಂದರೆ ನೂರಕ್ಕೆ ಮೂರು ಸಲ ಸಿಕ್ಕಿಕೊಳ್ಳುವ ಕೋವಿಯೂ ಅದೃಷ್ಟ ಇದ್ದರೆ ಈ ಪರೀಕ್ಷೆ ಪಾಸಾಗಬಹುದು! 300 ಆದರೆ ಶೇ. 1. 600 ಆದರೆ ಶೇ. 0.5. ಕಾಗದದ ಗುರಿಗೆ ಹೊಡೆಯುವವರಿಗೆ 300 ಸಾಕು. ಮನೆಯ ರಕ್ಷಣೆಗೆ ಅಂತ ಇಟ್ಟುಕೊಳ್ಳುವವರು 600ರ ಕೆಳಗೆ ನಿಲ್ಲಬಾರದು, ಅದರಲ್ಲಿ ಅವರು ನಿಜವಾಗಿ ಬಳಸುವ ತೋಟಾದ ಪಾಲೂ ಸಾಕಷ್ಟಿರಬೇಕು. ಒಂದೇ ದಿನ ಮುಗಿಸುವ ಅಗತ್ಯ ಇಲ್ಲ.

ಪ್ರತಿ ಮ್ಯಾಗಜೀನ್‌ಗೂ ಮಾರ್ಕರ್‌ನಲ್ಲಿ ಒಂದು ನಂಬರ್ ಬರೆಯಿರಿ. ಈ ಚಿಕ್ಕ ಕೆಲಸದಿಂದ ಸಿಗುವಷ್ಟು ಮಾಹಿತಿ ಬೇರೆ ಯಾವುದರಿಂದಲೂ ಸಿಗುವುದಿಲ್ಲ. ತೊಂದರೆ ಎಲ್ಲ 2ನೇ ನಂಬರಿನ ಮ್ಯಾಗಜೀನ್‌ನಲ್ಲೇ ಬಂದರೆ ಕೋವಿಯನ್ನು ದೂರಬೇಕಿಲ್ಲ. ಪಿಸಿ ಕಾರ್ಬೈನ್‌ನಲ್ಲಿ ಇದು ಇನ್ನೂ ಮುಖ್ಯ. ಒಳಗಿನ ಭಾಗ ಬದಲಿಸಿದರೆ ರೂಗರ್‌ನ ಮ್ಯಾಗಜೀನೂ ಆಗುತ್ತದೆ, ಗ್ಲಾಕ್‌ನದೂ ಆಗುತ್ತದೆ. ಎರಡನ್ನೂ ಬಳಸುವುದಾದರೆ ಎರಡಕ್ಕೂ ಬೇರೆ ಬೇರೆ ಲೆಕ್ಕ.

ಏನು ಸಿಕ್ಕಿಕೊಂಡಿತು ಅಂತ ಸರಿಯಾಗಿ ನೋಡಿ ಬರೆಯಿರಿ, ‘ಜಾಮ್’ ಅಂತಷ್ಟೇ ಬೇಡ. ಹೊಸ ತೋಟಾದ ಮೂಗು ಕೆಳಗೆ ತಗುಲಿ ನಿಂತಿದ್ದರೆ ಮ್ಯಾಗಜೀನ್ ಅಥವಾ ಗುಂಡಿನ ಆಕಾರದ ಕಡೆ ಅನುಮಾನ. ಮೂಗು ಚಪ್ಪಟೆ ಇರುವ ಹಾಲೋ ಪಾಯಿಂಟ್ (ತುದಿಯಲ್ಲಿ ಕುಳಿ ಇರುವ) ಗುಂಡುಗಳಲ್ಲಿ ಇದು ಜಾಸ್ತಿ. ಖಾಲಿ ಚಿಪ್ಪು ಹೊರಬರುವ ಬಾಗಿಲಲ್ಲೇ ಸಿಕ್ಕಿಕೊಂಡಿದ್ದರೆ ದುರ್ಬಲ ತೋಟಾ ಅಥವಾ ಹೊರಗೆಸೆಯುವ ಭಾಗ. ಕುದುರೆ ಎಳೆದರೂ ಹಾರದಿದ್ದರೆ ಮೂತಿಯನ್ನು ಗುರಿಯ ಕಡೆಗೇ ಹಿಡಿದು 30 ಸೆಕೆಂಡ್ ಕಾಯಿರಿ, ಆಮೇಲೆ ತೋಟಾ ತೆಗೆದು ಅದರ ಬುಡದಲ್ಲಿ ಮದ್ದಿಗೆ ಕಿಡಿ ಕೊಡುವ ಕೇಪಿನ ಮೇಲಿನ ಗುರುತು ನೋಡಿ. ಗುಳಿ ಆಳವಾಗಿದ್ದರೆ ಹೆಚ್ಚಾಗಿ ತೋಟಾದ ದೋಷ. ಬರೀ ಗೀರು ಬಿದ್ದಂತಿದ್ದರೆ ಕೋವಿಯನ್ನು ಪರೀಕ್ಷಿಸಬೇಕು.

ಒಂದು ವಿಷಯದಲ್ಲಿ ಮಾತ್ರ ಪರೀಕ್ಷೆ ಅಲ್ಲೇ ನಿಲ್ಲಿಸಬೇಕು. ‘ಢಂ’ ಬದಲು ‘ಪುಸ್’ ಅಂದರೆ ಗುಂಡು ನಳಿಗೆಯೊಳಗೇ ನಿಂತಿರಬಹುದು. ಬೋಲ್ಟ್ ಎಳೆದು ಮುಂದಿನ ಈಡು ಹಾರಿಸಿದರೆ ನಳಿಗೆ ಸಿಡಿಯಬಹುದು. ಕೋವಿ ಖಾಲಿ ಮಾಡಿ, ರೇಂಜ್ ಅಧಿಕಾರಿಯನ್ನು ಕರೆಯಿರಿ.

ನೆಲದ ಮೇಲೆ ಬಿದ್ದ ಚಿಪ್ಪುಗಳನ್ನೂ ನಾಲ್ಕು ಎತ್ತಿ ನೋಡಿ. ಹೊರಮೈ ಮಸಿಯಾಗಿದ್ದರೆ ಗಾಬರಿ ಬೇಡ, ಒಳಗೆ ಒತ್ತಡ ಇನ್ನೂ ಇರುವಾಗಲೇ ಬೋಲ್ಟ್ ತೆರೆದುಕೊಳ್ಳುವುದು ಬ್ಲೋಬ್ಯಾಕ್‌ನ ಸ್ವಭಾವ. ಆದರೆ ಬುಡದ ಹತ್ತಿರ ಒಂದು ಕಡೆ ಉಬ್ಬಿದ್ದರೆ ಆ ತೋಟಾ ಬಿಟ್ಟುಬಿಡಿ, ಕೋವಿಯನ್ನು ಗನ್‌ಸ್ಮಿತ್‌ಗೆ ತೋರಿಸಿ.

ಮಧ್ಯೆ ಮಧ್ಯೆ ಸ್ವಚ್ಛ ಮಾಡುತ್ತಾ ಹೋದರೆ ಕೋವಿಯ ಒಳ್ಳೆಯ ಮುಖ ಮಾತ್ರ ಕಾಣುತ್ತದೆ. ಮೊದಲ 300 ಈಡನ್ನು ಎಣ್ಣೆ ಮಾತ್ರ ಹಾಕಿ, ಒರೆಸದೆ ಮುಗಿಸುವುದು ಒಳ್ಳೆಯದು. ಕೊಳೆಯಾದಾಗ ಏನಾಗುತ್ತದೆ ಅನ್ನುವುದೂ ತಿಳಿಯಬೇಕಲ್ವಾ?

ಹಿಡಿತ

ಇಲ್ಲಿ ಅಭಿರುಚಿಯ ಪಾಲು ದೊಡ್ಡದು. ಹಾಗಾಗಿ ಕೆಲವು ವಿಷಯಗಳನ್ನಷ್ಟೇ ಹೇಳುತ್ತೇನೆ. ಸ್ಟಾಕ್‌ನ ಉದ್ದ ಮೊದಲು. ಕಣ್ಣು ಮುಚ್ಚಿ ಖಾಲಿ ಕೋವಿಯನ್ನು ಭುಜಕ್ಕೆ ಏರಿಸಿ, ಕೆನ್ನೆ ಒರಗಿಸಿ, ಕಣ್ಣು ಬಿಡಿ. ಚುಕ್ಕಿ ಎದುರಿಗೇ ಇದ್ದರೆ ಅಳತೆ ಸರಿ. ಕತ್ತು ಚಾಚಿ ಹುಡುಕಬೇಕಾದರೆ ಸರಿಯಿಲ್ಲ. ಅಮೆರಿಕದ ಸ್ಟಾಕ್‌ಗಳು ನಮ್ಮ ಹೆಣ್ಣುಮಕ್ಕಳಿಗೆ, ಗಿಡ್ಡ ಕೈಯವರಿಗೆ ಎಷ್ಟೋ ಸಲ ಉದ್ದವಾಗುತ್ತವೆ. ಪಿಸಿ ಕಾರ್ಬೈನ್‌ನಲ್ಲಿ ಸ್ಟಾಕ್‌ನ ಹಿಂದಿನ ಬಿಲ್ಲೆಗಳನ್ನು ತೆಗೆದು ಗಿಡ್ಡ ಮಾಡಬಹುದು. ಮನೆಯಲ್ಲಿ ಇಬ್ಬರು ಬಳಸುವುದಾದರೆ ಇಬ್ಬರೂ ಈ ಪರೀಕ್ಷೆ ಮಾಡಲೇಬೇಕು.

ಎಡಗೈಯವರಿಗೆ ಮ್ಯಾಗಜೀನ್ ಗುಂಡಿ, ಬೋಲ್ಟ್ ಎಳೆಯುವ ಹಿಡಿ ಎರಡನ್ನೂ ಎಡಕ್ಕೆ ಬದಲಿಸಿಕೊಳ್ಳುವ ಅನುಕೂಲ ಇದೆ. ಚಿಪ್ಪು ಮಾತ್ರ ಬಲಕ್ಕೇ ಹಾರುತ್ತದೆ.

ತುಂಬಿದ ಮ್ಯಾಗಜೀನ್ ಹಾಕಿ ಗುರಿಯತ್ತ ಒಂದು ನಿಮಿಷ ಎತ್ತಿ ಹಿಡಿಯಿರಿ. ಬೆರಳು ಕುದುರೆಯಿಂದ ಹೊರಗಿರಲಿ. ಮುಂಗೈ ನಡುಗಲು ಶುರುವಾದರೆ ತೂಕ ಮುಂದಕ್ಕೆ ಜಾಸ್ತಿ ಬಿದ್ದಿದೆ ಅಂತ ಅರ್ಥ. 3.1 ಕಿಲೋ ಅನ್ನುವ ಸಂಖ್ಯೆಗಿಂತ ಆ ತೂಕ ಎಲ್ಲಿ ಕೂತಿದೆ ಅನ್ನುವುದು ಮುಖ್ಯ.

ಇನ್ನು ಗುರಿಯ ಎತ್ತರ. ಡಾಟ್ ನಳಿಗೆಗಿಂತ 2.6 ಇಂಚು ಮೇಲೆ ಇದ್ದು, 25 ಗಜಕ್ಕೆ ಹೊಂದಿಸಿದ್ದರೆ, 5 ಗಜದಲ್ಲಿ ಗುಂಡು ಚುಕ್ಕಿಗಿಂತ ಸುಮಾರು 2 ಇಂಚು ಕೆಳಗೆ ಬೀಳುತ್ತದೆ. ಹತ್ತಿರದ ಗುರಿಗೆ ತಪ್ಪಿತು ಅಂತ ಕೋವಿಯನ್ನು ಬೈಯುವವರು ಈ ಲೆಕ್ಕ ಮರೆತಿರುತ್ತಾರೆ. 5, 10, 25, 50 ಗಜಗಳಲ್ಲಿ ಐದೈದು ಈಡು ಹೊಡೆದು, ಚುಕ್ಕಿಗೂ ಗುಂಡಿನ ಗುರುತಿಗೂ ಇರುವ ಅಂತರವನ್ನು ನೋಟ್‌ಬುಕ್‌ನಲ್ಲಿ ಬರೆದಿಡಿ. ಕೋವಿಯನ್ನು ತುಂಡು ಮಾಡಿ ಮತ್ತೆ ಜೋಡಿಸಿ, 25 ಗಜದಲ್ಲಿ ಇನ್ನೈದು ಹೊಡೆಯಿರಿ. ಗುಂಪು ಜಾಗ ಬದಲಿಸಿದರೆ, ಆ ಉಂಗುರವನ್ನು ಇನ್ನೊಮ್ಮೆ ಬಿಗಿ ಮಾಡಬೇಕು.

ರೇಂಜ್‌ನಿಂದ ಹೊರಡುವಾಗ ಕೈ, ಮುಖವನ್ನು ಸೋಪು ಹಾಕಿ ತಣ್ಣೀರಿನಲ್ಲಿ ತೊಳೆಯಿರಿ. ಗುಂಡು, ಕೇಪುಗಳ ಸೀಸದ ಪುಡಿ ಚರ್ಮಕ್ಕೆ ಅಂಟಿರುತ್ತದೆ. ಆ ಬಟ್ಟೆಯನ್ನು ಮಕ್ಕಳ ಬಟ್ಟೆಯ ಜೊತೆ ಒಗೆಯಬೇಡಿ. ಮುಂದೆ ಬೇರೆ ಸ್ಪ್ರಿಂಗ್ ಹಾಕಿದರೆ, ಹೊಸ ಮ್ಯಾಗಜೀನ್ ತಂದರೆ, ಅಥವಾ ತೋಟಾದ ಬ್ರ್ಯಾಂಡ್ ಬದಲಿಸಿದರೆ, ನೋಟ್‌ಬುಕ್‌ನಲ್ಲಿ ಹೊಸ ಪುಟ ತೆಗೆದು ಎಣಿಕೆಯನ್ನು ಮತ್ತೆ ಒಂದರಿಂದ ಶುರು ಮಾಡಿ.