ಸದ್ದು ಬರುವ ಮೊದಲೇ ಆಕ್ಸಲ್ ಬೂಟ್ ನೋಡಿ

ಗಣೇಶ ಹಬ್ಬಕ್ಕೆ ಊರಿಗೆ ಹೊರಡುವ ಮುಂಚೆ ಪುಣೆಯ ಕನ್ನಡಿಗರು ಕಾರಿನಲ್ಲಿ ಏನೇನು ನೋಡಿಸುತ್ತಾರೆ? ಟೈರಿನ ಗಾಳಿ, ಎಂಜಿನ್ ಆಯಿಲ್, ಬ್ರೇಕ್, ವೈಪರ್. ಮುಂದಿನ ಚಕ್ರದ ಹಿಂದೆ, ಚಕ್ರವನ್ನು ಸುತ್ತಿಸುವ ಆಕ್ಸಲ್ ದಂಡದ ತುದಿಗೆ ಹೊದಿಸಿರುವ ಕಪ್ಪು ರಬ್ಬರ್ ಬೂಟನ್ನು ಹೆಚ್ಚಿನವರು ನೋಡಿಸುವುದಿಲ್ಲ. ನಾನೂ ನೋಡಿಸುತ್ತಿರಲಿಲ್ಲ.

ಕೆಲವು ವರ್ಷಗಳ ಹಿಂದಿನ ಮಾತು. ಕೋಥ್ರೂಡ್‌ನ ನಮ್ಮ ಸೊಸೈಟಿಯ ಪಾರ್ಕಿಂಗ್‌ನಲ್ಲಿ ಸ್ಟೀರಿಂಗ್ ಪೂರ್ತಿ ತಿರುಗಿಸಿದಾಗ ಕಟ್ ಕಟ್ ಕಟ್ ಅಂತ ಸದ್ದು ಶುರುವಾಯಿತು. ನೇರ ಹೋಗುವಾಗ ಏನೂ ಕೇಳಿಸುತ್ತಿರಲಿಲ್ಲ. ಹಾಗಾಗಿ ಸುಮ್ನೆ ಬಿಟ್ಟೆ. ಅದೇ ವಾರ ಹುಬ್ಬಳ್ಳಿಗೆ ಹೊರಟೆವು. ಖಂಬಾಟ್ಕಿ ಘಾಟಿಯ ಒಂದೊಂದು ತಿರುವಿಗೂ ಸದ್ದು ಜೋರಾಯಿತು. ಮಕ್ಕಳು ಹಿಂದೆ ಕೂತಿದ್ದರು. ದಾರಿಯುದ್ದಕ್ಕೂ ನನಗೆ ನೆಮ್ಮದಿ ಇರಲಿಲ್ಲ.

ವಾಪಸ್ ಬಂದು ತೋರಿಸಿದ ಮೆಕ್ಯಾನಿಕ್ ಜಮಖಂಡಿ ಕಡೆಯವರು. ಚಕ್ರ ಬಿಚ್ಚಿ, ಬೂಟಿನ ಮಡಿಕೆ ಬಿಡಿಸಿ ಒಳಗೆ ಬೆರಳು ಹಾಕಿದರು. "ನೋಡ್ರಿ ಸರ, ಇದು ಹರದು ಭಾಳ ದಿನ ಆಗೇತಿ. ಒಳಗ ಗ್ರೀಸ್ ಎಲ್ಲೈತ್ರಿ? ಬರೇ ಕೆಸರ ಐತಿ" ಅಂದರು. ಬೆರಳಿಗೆ ಅಂಟಿದ್ದನ್ನು ನನ್ನ ಅಂಗೈಗೆ ಒರೆಸಿದರು. ತಿಕ್ಕಿ ನೋಡಿದೆ. ಮರಳು ಕರಕರ ಅನ್ನುತ್ತಿತ್ತು. ಕೆಲವು ನೂರು ರೂಪಾಯಿಯ ಬೂಟ್ ಕಿಟ್‌ನಲ್ಲಿ ಮುಗಿಯಬೇಕಿದ್ದ ಕೆಲಸ ಇಡೀ ಆಕ್ಸಲ್ ಬದಲಿಸುವ ತನಕ ಹೋಯಿತು. ಅದಕ್ಕೆ ಸಾವಿರಗಳ ಲೆಕ್ಕ. ಸದ್ದು ಕೇಳಿಸುವಷ್ಟರಲ್ಲಿ ಬೂಟಿನೊಳಗಿನ ಜಾಯಿಂಟ್ ಸವೆದಾಗಿರುತ್ತದೆ ಅನ್ನುವುದು ನನಗೆ ಗೊತ್ತಾದದ್ದು ಆ ದಿನ.

ಬೂಟ್ ಏನು ಮಾಡುತ್ತದೆ?

ಅಂಬಾಸಿಡರ್, ಪದ್ಮಿನಿ ಕಾರುಗಳಲ್ಲಿ ಎಂಜಿನ್ ಶಕ್ತಿ ಹಿಂದಿನ ಚಕ್ರಕ್ಕೆ ಹೋಗುತ್ತಿತ್ತು. ಮುಂದಿನ ಚಕ್ರಕ್ಕೆ ತಿರುಗುವ ಕೆಲಸ ಮಾತ್ರ. 1983ರಲ್ಲಿ ಬಂದ ಮಾರುತಿ 800 ಮುಂದಿನ ಚಕ್ರದಿಂದ ಓಡುವ ಕಾರು. ಇವತ್ತು ನಮ್ಮ ಹೆಚ್ಚಿನ ಸಣ್ಣ ಕಾರುಗಳೂ ಹಾಗೇ. ಇವುಗಳಲ್ಲಿ ಮುಂದಿನ ಚಕ್ರ ಕಾರನ್ನು ಎಳೆಯಲೂ ಬೇಕು, ತಿರುಗಲೂ ಬೇಕು, ಗುಂಡಿಯಲ್ಲಿ ಏರಿ ಇಳಿಯಲೂ ಬೇಕು. ಇಷ್ಟೆಲ್ಲ ಆಗುವಾಗ ಆಕ್ಸಲ್ ಜರ್ಕ್ ಇಲ್ಲದೆ ಒಂದೇ ವೇಗದಲ್ಲಿ ಸುತ್ತಬೇಕು. ಅದಕ್ಕೇ ಪ್ರತಿ ಆಕ್ಸಲ್‌ನ ಎರಡು ತುದಿಗೂ ಸಿವಿ (ಕಾನ್‌ಸ್ಟಂಟ್ ವೆಲಾಸಿಟಿ, ಅಂದರೆ ಒಂದೇ ವೇಗದ) ಜಾಯಿಂಟ್ ಇರುತ್ತದೆ. ಚಕ್ರದ ಕಡೆಯ ಜಾಯಿಂಟ್‌ನಲ್ಲಿ ಸಾಮಾನ್ಯವಾಗಿ ಆರು ಉಕ್ಕಿನ ಗುಂಡುಗಳು. ಆಲ್ಫ್ರೆಡ್ ರ್ಜೆಪ್ಪಾ ಎಂಬ ಎಂಜಿನಿಯರ್ 1920ರ ದಶಕದಲ್ಲಿ ರೂಪಿಸಿದ ವಿನ್ಯಾಸ ಅದು. ಗೇರ್‌ಬಾಕ್ಸ್ ಕಡೆಯ ಜಾಯಿಂಟ್‌ನಲ್ಲಿ ಹೆಚ್ಚಾಗಿ ಮೂರು ರೋಲರ್‌ಗಳು. ಇದು ಒಳಕ್ಕೆ ಹೊರಕ್ಕೆ ಸರಿದಾಡುತ್ತದೆ.

ಈ ಗುಂಡು, ರೋಲರ್‌ಗಳು ಗ್ರೀಸ್‌ನಲ್ಲಿ ಮುಳುಗಿರಬೇಕು. ಆ ಗ್ರೀಸನ್ನು ಒಳಗೆ ಹಿಡಿದಿಟ್ಟು, ನೀರು ಧೂಳನ್ನು ಹೊರಗೆ ತಡೆಯುವುದೇ ಬೂಟ್. ಹಾರ್ಮೋನಿಯಂ ತಿದಿಯ ಹಾಗೆ ಮಡಿಕೆ ಮಡಿಕೆಯಾಗಿರುತ್ತದೆ. ಎರಡು ಆಕ್ಸಲ್‌ಗೆ ಒಟ್ಟು ನಾಲ್ಕು ಬೂಟ್. ಚಕ್ರದ ಕಡೆಯವು ಬೇಗ ಹರಿಯುತ್ತವೆ. ಸ್ಟೀರಿಂಗ್ ತಿರುಗಿಸಿದಷ್ಟೂ ಅವು ಬಾಗಬೇಕಲ್ವಾ? ಬೊಲೆರೊದಂಥ, ಹಿಂದಿನ ಚಕ್ರದಿಂದ ಓಡುವ ಗಾಡಿಯವರಿಗೆ ಈ ಲೇಖನ ಅನ್ವಯಿಸುವುದಿಲ್ಲ.

ಹತ್ತು ನಿಮಿಷದ ಪರೀಕ್ಷೆ

ಸಮತಟ್ಟಾದ ಜಾಗದಲ್ಲಿ ಕಾರು ನಿಲ್ಲಿಸಿ. ಸ್ಟೀರಿಂಗನ್ನು ಒಂದು ಕಡೆಗೆ ಪೂರ್ತಿ ತಿರುಗಿಸಿ, ಹ್ಯಾಂಡ್‌ಬ್ರೇಕ್ ಹಾಕಿ, ಎಂಜಿನ್ ಆಫ್ ಮಾಡಿ. ಬಲಕ್ಕೆ ತಿರುಗಿಸಿದರೆ ಬಲಚಕ್ರದ ಹಿಂಭಾಗ ಹೊರಗೆ ಬರುವುದಿಲ್ಲ, ಮುಂಭಾಗ ಬರುತ್ತದೆ. ಎಡಕ್ಕೆ ತಿರುಗಿಸಿದರೆ ಹಿಂಭಾಗ. ಎರಡೂ ರೀತಿ ತಿರುಗಿಸಿ ನೋಡಿದರೆ ಬೂಟ್‌ನ ಎಲ್ಲ ಬದಿಯೂ ಸಿಗುತ್ತದೆ. ಎಂಜಿನ್ ಬಿಸಿ ಇದ್ದರೆ ಆರಲು ಬಿಡಿ. ಮೊಬೈಲ್ ಟಾರ್ಚ್ ಸಾಕು.

ಮೊದಲು ಬೂಟ್‌ನ ಸುತ್ತಮುತ್ತ ನೋಡಿ, ಒರೆಸಬೇಡಿ. ರಿಮ್ಮಿನ ಒಳಮೈ, ಬ್ರೇಕ್ ಕ್ಯಾಲಿಪರ್, ಶಾಕ್ ಅಬ್ಸಾರ್ಬರ್‌ನ ಕೆಳಭಾಗದಲ್ಲಿ ಕಪ್ಪು ಗ್ರೀಸ್ ಚಿಮ್ಮಿದ ಗೆರೆ ಇದೆಯಾ? ಆಕ್ಸಲ್ ಸುತ್ತುವಾಗ ಸೀಳಿನಿಂದ ಗ್ರೀಸ್ ಒಂದೇ ಸಾಲಿನಲ್ಲಿ ಎರಚುತ್ತದೆ. ಆ ಸಾಲು ಕಂಡರೆ ಬೂಟ್ ಹರಿದಿದೆ, ಇಲ್ಲವೇ ಅದನ್ನು ಬಿಗಿದಿಡುವ ಪಟ್ಟಿ, ಅಂದರೆ ಕ್ಲಾಂಪ್, ಸಡಿಲವಾಗಿದೆ.

ಆಮೇಲೆ ಬೆರಳಿನಿಂದ ಮಡಿಕೆಗಳನ್ನು ಒಂದೊಂದಾಗಿ ಬಿಡಿಸಿ. ಮಡಿಕೆಯ ಮೇಲ್ತುದಿ ಚೆನ್ನಾಗಿ ಕಾಣಬಹುದು, ಆದರೆ ಬಿರುಕು ಇರುವುದು ಮಡಿಕೆಯ ಆಳದಲ್ಲಿ. ಒಳ್ಳೆಯ ರಬ್ಬರ್ ಮೆತ್ತಗೆ ಹಿಗ್ಗುತ್ತದೆ. ಮುಗಿದು ಹೋದ ರಬ್ಬರ್ ಬೆರಳಿಗೆ ಗಡುಸಾಗಿ ಸಿಗುತ್ತದೆ, ಎಳೆದರೆ ಸಣ್ಣ ಸಣ್ಣ ಗೆರೆಗಳು ಬಾಯಿ ಬಿಡುತ್ತವೆ. ಬೂಟ್ ಇನ್ನೂ ಹರಿದಿಲ್ಲ, ಗೆರೆಗಳಷ್ಟೇ ಕಾಣುತ್ತಿವೆ ಎನ್ನುವುದೇ ಬದಲಿಸಲು ಅತ್ಯಂತ ಒಳ್ಳೆಯ ಸಮಯ. ಚಕ್ರವನ್ನು ಅರ್ಧ ಸುತ್ತು ಮುಂದೆ ಸರಿಸಿ ಇನ್ನೊಂದು ಬದಿಯನ್ನೂ ನೋಡಿ. ಗೇರ್‌ಬಾಕ್ಸ್ ಕಡೆಯ ಬೂಟ್ ನೋಡಲು ಕಾರಿನ ಕೆಳಗೆ ಹೋಗಬೇಕು. ಆಯಿಲ್ ಬದಲಿಸಲು ಗಾಡಿಯನ್ನು ಲಿಫ್ಟ್ ಮೇಲೆ ಏರಿಸಿದಾಗ ನೀವೇ ಹೋಗಿ ಟಾರ್ಚ್ ಹಿಡಿದು ನೋಡಿ.

ಸದ್ದಿನ ಪರೀಕ್ಷೆಯನ್ನು ಖಾಲಿ ಮೈದಾನದಲ್ಲಿ ಮಾಡಿ. ಕಿಟಕಿ ಇಳಿಸಿ, ಸ್ಟೀರಿಂಗ್ ಪೂರ್ತಿ ತಿರುಗಿಸಿ ನಿಧಾನ ಸುತ್ತು ಹೊಡೆಯಿರಿ. ಕಟ್ ಕಟ್ ಬಂದರೆ ಚಕ್ರದ ಕಡೆಯ ಜಾಯಿಂಟ್. ನೇರ ರಸ್ತೆಯಲ್ಲಿ ಆಕ್ಸಲರೇಟರ್ ಒತ್ತಿದಾಗ ಗಾಡಿ ನಡುಗಿ, ಕಾಲು ತೆಗೆದಾಗ ಆ ನಡುಕ ನಿಂತರೆ ಗೇರ್‌ಬಾಕ್ಸ್ ಕಡೆಯ ಜಾಯಿಂಟ್ ಮೇಲೆ ಅನುಮಾನ. ವೇಗ ಏರಿದಂತೆ ಏರುವ ಗುಂಯ್ ಸದ್ದು ಹೆಚ್ಚಾಗಿ ವೀಲ್ ಬೇರಿಂಗ್‌ನದು. ಅದು ಬೇರೆ ಕೆಲಸ.

ಬೂಟ್ ಹರಿದು ಸದ್ದು ಇಲ್ಲದಿದ್ದರೆ ಬೂಟ್ ಬದಲಿಸಿ. ಸದ್ದು ಬಂದಿದ್ದರೆ ಹೊಸ ಬೂಟ್, ಹೊಸ ಗ್ರೀಸ್ ಹಾಕಿ ಪ್ರಯೋಜನವಿಲ್ಲ. ಜಾಯಿಂಟ್ ಅಥವಾ ಆಕ್ಸಲ್ಲೇ ಹೊಸದು ಬೇಕು.

ಸಾಮಾನು ತರುವಾಗ

ಪುಣೆಯಲ್ಲಿ ಗಾಡಿ ಸಾಮಾನಿಗೆ ನಾನಾ ಪೇಟ್. ಬರೀ ಕಾರಿನ ಹೆಸರು ಹೇಳಿದರೆ ಸಾಲದು. ವರ್ಷ, ಪೆಟ್ರೋಲೋ ಡೀಸೆಲೋ, ಯಾವ ಗೇರ್, ಎಡವೋ ಬಲವೋ, ಚಕ್ರದ ಕಡೆಯದೋ ಗೇರ್‌ಬಾಕ್ಸ್ ಕಡೆಯದೋ, ಎಲ್ಲ ಹೇಳಿ. ಆರ್‌ಸಿಯ ಫೋಟೋ ಜತೆಗಿರಲಿ. ಕಿಟ್‌ನಲ್ಲಿ ಬೂಟ್, ದೊಡ್ಡದೊಂದು ಚಿಕ್ಕದೊಂದು ಕ್ಲಾಂಪ್, ಗ್ರೀಸ್ ಪೊಟ್ಟಣ, ಸರ್ಕ್ಲಿಪ್ (ಜಾಯಿಂಟ್ ಕಳಚದಂತೆ ಹಿಡಿಯುವ ಸಣ್ಣ ಉಂಗುರ) ಇರಬೇಕು. ಆಕ್ಸಲ್ ತುದಿಯನ್ನು ಚಕ್ರದ ನಡುಭಾಗಕ್ಕೆ (ಹಬ್) ಬಿಗಿಯುವ ಹೊಸ ಹಬ್ ನಟ್ ಕೂಡ ತೆಗೆದುಕೊಳ್ಳಿ. ಆಕ್ಸಲ್ ಬಿಚ್ಚದೆ ಹಾಕಬಹುದಾದ, ಸೀಳಿ ಅಂಟಿಸುವ ಬೂಟ್‌ಗಳೂ ಸಿಗುತ್ತವೆ. ದಾರಿಯಲ್ಲಿ ಸಿಕ್ಕಿಕೊಂಡಾಗ ಊರು ಮುಟ್ಟಲು ಸರಿ. ಘಾಟಿ, ಮಳೆ, ಗುಂಡಿ ಎಲ್ಲ ಇರುವ ನಮ್ಮ ದಾರಿಗೆ ಅದನ್ನು ನಂಬಿ ವರ್ಷಗಟ್ಟಲೆ ಓಡಿಸುವುದು ನನಗೆ ಒಪ್ಪಿಗೆಯಿಲ್ಲ.

ಬಿಚ್ಚುವುದು

ಪಾನಾ ಹಿಡಿದು ಬ್ರೇಕ್ ಪ್ಯಾಡನ್ನಾದರೂ ಬದಲಿಸಿ ಅಭ್ಯಾಸವಿದ್ದವರು ಇದನ್ನು ಮಾಡಬಹುದು. ಇಲ್ಲದವರು ಮೆಕ್ಯಾನಿಕ್ ಪಕ್ಕದಲ್ಲಿ ನಿಂತು ನೋಡಿ, ಇದನ್ನು ಓದಿದ್ದರೆ ಅವರನ್ನು ಏನು ಕೇಳಬೇಕು ಅನ್ನುವುದು ತಿಳಿದಿರುತ್ತದೆ.

ಹಬ್ ನಟ್ ತುಂಬಾ ಬಿಗಿ ಇರುತ್ತದೆ. ಚಕ್ರ ನೆಲದ ಮೇಲಿರುವಾಗಲೇ, ಒಬ್ಬರು ಬ್ರೇಕ್ ಒತ್ತಿ ಹಿಡಿದಾಗ ಸಡಿಲಿಸಿ. ಅಂಚನ್ನು ಒಳಕ್ಕೆ ಬಡಿದು ಲಾಕ್ ಮಾಡಿದ್ದರೆ ಮೊದಲು ಅದನ್ನು ಬಿಡಿಸಿ. ಹಲವು ಕಾರುಗಳಿಗೆ 30 ಅಥವಾ 32 ಎಂಎಂ ಸಾಕೆಟ್ ಬೇಕು, ಜತೆಗೆ ಉದ್ದನೆಯ ಹ್ಯಾಂಡಲ್. ಹಿಂದಿನ ಚಕ್ರಗಳಿಗೆ ಕಲ್ಲು ಕೊಟ್ಟು, ಜಾಕ್ ಏರಿಸಿ, ಕೆಳಗೆ ಸ್ಟ್ಯಾಂಡ್ ಇಟ್ಟ ಮೇಲೆಯೇ ಚಕ್ರ ತೆಗೆಯಿರಿ. ಬರೀ ಜಾಕ್ ನಂಬಿ ಕಾರಿನ ಕೆಳಗೆ ತಲೆ ಹಾಕಬೇಡಿ. ಐದು ನಿಮಿಷದ ಕೆಲಸವಾದರೂ ಬೇಡ.

ಮುಂದೆ ಎಬಿಎಸ್ ಬ್ರೇಕಿನ ಸೆನ್ಸರ್ ವೈರ್ ಇದ್ದರೆ ಅದರ ಕ್ಲಿಪ್ ಬಿಡಿಸಿ, ಚಕ್ರವನ್ನು ಕೆಳಗಿನಿಂದ ಹಿಡಿದಿರುವ ಲೋವರ್ ಆರ್ಮ್‌ನ ಬಾಲ್ ಜಾಯಿಂಟ್ ಬಿಚ್ಚಿ. ಕೆಲವು ಕಾರಲ್ಲಿ ಟೈ ರಾಡ್ (ಸ್ಟೀರಿಂಗ್‌ನಿಂದ ಚಕ್ರಕ್ಕೆ ಬರುವ ಸರಳು) ತುದಿಯನ್ನೂ ಬಿಚ್ಚಬೇಕಾಗುತ್ತದೆ. ಆಗ ಚಕ್ರದ ಹಬ್ ಹೊರಗೆ ವಾಲುತ್ತದೆ, ಆಕ್ಸಲ್ ತುದಿ ಅದರಿಂದ ಹೊರಬರುತ್ತದೆ. ಬಾರದಿದ್ದರೆ ಹಳೆಯ ನಟ್ಟನ್ನು ತುದಿಗೆ ಹಾಕಿ, ಮರದ ತುಂಡು ಇಟ್ಟು ಮೆಲ್ಲಗೆ ಬಡಿಯಿರಿ. ನೇರವಾಗಿ ಸುತ್ತಿಗೆ ಬಿದ್ದರೆ ಚೂಡಿ (ನಟ್ ತಿರುಗುವ ಗೆರೆಗಳು) ಹಾಳಾಗುತ್ತದೆ. ಆಕ್ಸಲನ್ನು ಹೊರಕ್ಕೆ ಜಗ್ಗಬೇಡಿ, ಗೇರ್‌ಬಾಕ್ಸ್ ಕಡೆಯ ರೋಲರ್ ಜಾಯಿಂಟ್ ಒಳಗೇ ಕಳಚಿಕೊಳ್ಳಬಹುದು. ಆಕ್ಸಲ್ ಇಲ್ಲದ ಚಕ್ರವನ್ನು ನೆಲಕ್ಕೆ ಇಳಿಸಿ ಗಾಡಿ ತಳ್ಳುವುದೂ ಬೇಡ, ಬೇರಿಂಗ್‌ಗೆ ಪೆಟ್ಟು.

ಇನ್ನು ಜಾಯಿಂಟ್. ಹಳೆಯ ಕ್ಲಾಂಪ್ ಕತ್ತರಿಸಿ, ಬೂಟ್ ಸೀಳಿ ತೆಗೆಯಿರಿ. ಅನೇಕ ಕಾರುಗಳಲ್ಲಿ ಜಾಯಿಂಟ್‌ನ ಒಳಭಾಗಕ್ಕೆ ಹಿತ್ತಾಳೆ ರಾಡ್ ಇಟ್ಟು ಒಂದು ಗಟ್ಟಿ ಪೆಟ್ಟು ಕೊಟ್ಟರೆ ಅದು ಸರ್ಕ್ಲಿಪ್ ದಾಟಿ ಹೊರಬರುತ್ತದೆ. ಆದರೆ ಕೆಲವು ಕಾರುಗಳಲ್ಲಿ ಚಕ್ರದ ಕಡೆಯ ಜಾಯಿಂಟ್ ಕಳಚುವುದೇ ಇಲ್ಲ. ಅಲ್ಲಿ ಇಡೀ ಆಕ್ಸಲ್ ಹೊರತೆಗೆದು, ಗೇರ್‌ಬಾಕ್ಸ್ ಕಡೆಯ ರೋಲರ್ ತೆಗೆದು, ಆ ಕಡೆಯಿಂದ ಎರಡೂ ಬೂಟ್ ಏರಿಸಬೇಕು. ಗೊತ್ತಿಲ್ಲದೆ ಬಡಿಯುತ್ತಾ ಕೂತರೆ ಜಾಯಿಂಟ್ ಹಾಳು. ನಿಮ್ಮ ಕಾರಿನದು ಯಾವ ಬಗೆ ಅಂತ ಕೆಲಸ ಶುರು ಮಾಡುವ ಮೊದಲೇ ವಿಚಾರಿಸಿಕೊಳ್ಳಿ. ಆಕ್ಸಲ್ ಪೂರ್ತಿ ಹೊರಬಂದರೆ ಗೇರ್ ಆಯಿಲ್ ಸುರಿಯುತ್ತದೆ, ಕೆಳಗೆ ಟ್ರೇ ಇಡಿ. ರೋಲರ್ ಎಲ್ಲಿ ಕೂತಿತ್ತು ಅಂತ ಮಾರ್ಕರ್‌ನಲ್ಲಿ ಗುರುತು ಹಾಕಿ.

ತೊಳೆಯುವುದು, ಗ್ರೀಸ್ ತುಂಬುವುದು

ಅವಸರದಲ್ಲಿ ಹೆಚ್ಚು ಕೆಡುವ ಕೆಲಸ ಇದು. ಮರಳು ಸೇರಿದ ಗ್ರೀಸ್ ಮೇಲೆ ಹೊಸ ಗ್ರೀಸ್ ತುಂಬಿ ಕ್ಲಾಂಪ್ ಬಿಗಿದರೆ, ಮರಳನ್ನು ಒಳಗೇ ಮುಚ್ಚಿದ ಹಾಗೆ. ಹಳೆಯದನ್ನೆಲ್ಲ ಬಟ್ಟೆಯಲ್ಲಿ ಬಳಿದು ತೆಗೆಯಿರಿ. ಡೀಸೆಲ್‌ನಲ್ಲಿ ಜಾಯಿಂಟ್ ಅದ್ದಿ, ಒಳಗಿನ ಭಾಗವನ್ನು ಆ ಕಡೆ ಈ ಕಡೆ ವಾಲಿಸಿ. ಪ್ರತಿ ಗುಂಡೂ ಕಾಣಬೇಕು. ಎರಡನೇ ಸಲ ಹೊಸ ಡೀಸೆಲ್. ಕೊನೆಗೆ ಬ್ರೇಕ್ ಕ್ಲೀನರ್ ಹೊಡೆದು ಪೂರ್ತಿ ಒಣಗಲು ಬಿಡಿ.

ಒಣಗಿದ ಮೇಲೆ ಬೆಳಕಿಗೆ ಹಿಡಿಯಿರಿ. ಗುಂಡುಗಳು ಕನ್ನಡಿಯಂತೆ ಹೊಳೆಯಬೇಕು. ಗುಂಡು ಓಡುವ ತೋಡಿನಲ್ಲಿ ನುಣುಪಾದ ಹೊಳೆವ ಗೆರೆ ಇದ್ದರೆ ತೊಂದರೆಯಿಲ್ಲ. ಉಗುರು ಆಡಿಸಿದಾಗ ಗುಳಿ ಸಿಕ್ಕಿದರೆ, ಗುಂಡು ಹಿಡಿದಿರುವ ಪಂಜರದಲ್ಲಿ ಬಿರುಕಿದ್ದರೆ, ಅಲ್ಲಿಗೇ ನಿಲ್ಲಿಸಿ ಹೊಸ ಜಾಯಿಂಟ್ ತನ್ನಿ.

ಆಕ್ಸಲ್‌ನ ಹಲ್ಲುಗಳ ಮೇಲೆ ಟೇಪ್ ಸುತ್ತಿ. ಮೊದಲು ಚಿಕ್ಕ ಕ್ಲಾಂಪ್, ಆಮೇಲೆ ಬೂಟ್ ಏರಿಸಿ. ಟೇಪ್ ಇಲ್ಲದಿದ್ದರೆ ಆ ಹಲ್ಲುಗಳೇ ಹೊಸ ಬೂಟ್‌ನ ತುಟಿ ಕುಯ್ಯುತ್ತವೆ. ಕಿಟ್‌ನ ಗ್ರೀಸ್ ಸಾಮಾನ್ಯವಾಗಿ ಕಪ್ಪಗಿರುತ್ತದೆ, ಅದರಲ್ಲಿ ಮಾಲಿಬ್ಡಿನಂ ಡೈಸಲ್ಫೈಡ್ ಇರುತ್ತದೆ. ಎರಡು ಜಾಯಿಂಟ್‌ಗೆ ಬೇರೆ ಬೇರೆ ಗ್ರೀಸ್ ಕೊಟ್ಟಿದ್ದರೆ ಅದಲು ಬದಲು ಮಾಡಬೇಡಿ. ಡಬ್ಬಿಯಲ್ಲಿರುವ ಸಾಮಾನ್ಯ ಗ್ರೀಸ್ ಇಲ್ಲಿಗೆ ಬೇಡ. ಹೆಬ್ಬೆರಳಿನಿಂದ ಒತ್ತಿ, ಗುಂಡುಗಳ ನಡುವೆ ಇನ್ನೊಂದು ಬದಿಯಿಂದ ಹೊರಬರುವ ತನಕ ತುಂಬಿ. ಮಿಕ್ಕದ್ದು ಬೂಟ್ ಒಳಗೆ. ಪೊಟ್ಟಣ ಪೂರ್ತಿ ಮುಗಿಸಿ. ಅಳತೆ ನೋಡಿಯೇ ಕೊಟ್ಟಿರುತ್ತಾರೆ.

ಕ್ಲಾಂಪ್ ಮತ್ತು ಗಾಳಿ

ಹೊಸ ಸರ್ಕ್ಲಿಪ್ ಹಾಕಿ ಜಾಯಿಂಟ್ ಬಡಿದು ಕೂರಿಸಿ. ಟಕ್ ಅಂತ ಕೂತ ಮೇಲೆ ಜಗ್ಗಿ ನೋಡಿ, ಬರಬಾರದು. ಬೂಟ್‌ನ ಎರಡೂ ತುಟಿ ಅವುಗಳ ತೋಡಿನಲ್ಲಿ ಕೂರಲಿ. ದೊಡ್ಡ ಕ್ಲಾಂಪ್ ಬಿಗಿಯಿರಿ. ಚಿಕ್ಕದನ್ನು ಬಿಗಿಯುವ ಮುಂಚೆ ಮೊಂಡು ಸ್ಕ್ರೂಡ್ರೈವರನ್ನು ತುಟಿಯ ಕೆಳಗೆ ಸ್ವಲ್ಪ ತೂರಿಸಿ, ಒಳಗೆ ಸಿಕ್ಕಿಕೊಂಡ ಗಾಳಿ ಹೋಗಲು ಬಿಡಿ. ಇಲ್ಲದಿದ್ದರೆ ಬೂಟ್ ಉಬ್ಬಿಯೋ, ಒಳಕ್ಕೆ ಹೀರಿಕೊಂಡೋ ಬೇಗ ಸವೆಯುತ್ತದೆ. ಬೂಟ್ ತಿರುಚಿಕೊಂಡಿರಬಾರದು. ಕ್ಲಾಂಪ್ ಬದಲು ಬೈಂಡಿಂಗ್ ವೈರ್ ಸುತ್ತಿದ ಗಾಡಿಗಳನ್ನು ನೋಡಿದ್ದೇನೆ. ಆ ವೈರೇ ರಬ್ಬರ್ ಕತ್ತರಿಸುತ್ತದೆ.

ಬಿಚ್ಚಿದ್ದನ್ನು ತಿರುಗುಮುರುಗಾಗಿ ಜೋಡಿಸಿ. ಹಬ್ ನಟ್ಟಿಗೆ ಎಷ್ಟು ಬಿಗಿ ಬೇಕು ಎನ್ನುವುದು ಕಾರಿನಿಂದ ಕಾರಿಗೆ ಬೇರೆ. ಸರ್ವಿಸ್ ಪುಸ್ತಕದ ಅಂಕಿ ನೋಡಿ ಟಾರ್ಕ್ ರೆಂಚ್‌ನಲ್ಲೇ ಬಿಗಿದು, ಅಂಚು ಬಡಿದು ಲಾಕ್ ಮಾಡಿ. ಗೇರ್ ಆಯಿಲ್ ಸುರಿದಿದ್ದರೆ ಮಟ್ಟ ಸರಿ ಮಾಡಿ. ಶಾಕ್ ಅಬ್ಸಾರ್ಬರ್‌ನ ಬೋಲ್ಟ್ ಅಥವಾ ಟೈ ರಾಡ್ ಅಳತೆ ಮುಟ್ಟಿದ್ದರೆ ಅಲೈನ್‌ಮೆಂಟ್ ಬೇಕು. ಬ್ರೇಕ್ ಡಿಸ್ಕ್‌ಗೆ ಗ್ರೀಸ್ ತಾಗಿದ್ದರೆ ಚೊಕ್ಕ ಮಾಡದೆ ಗಾಡಿ ಹೊರಗೆ ತೆಗೆಯಬೇಡಿ.

ಮತ್ತೆ ಅದೇ ಮೈದಾನದಲ್ಲಿ ಎರಡೂ ಕಡೆಗೆ ಸುತ್ತು ಹೊಡೆದು ಕಿವಿಗೊಡಿ. ಒಂದು ವಾರ ಓಡಿಸಿದ ಮೇಲೆ ಇನ್ನೊಮ್ಮೆ ಟಾರ್ಚ್ ಹಿಡಿದು ರಿಮ್ಮಿನ ಒಳಮೈ ನೋಡಿ. ಕ್ಲಾಂಪ್ ಪಕ್ಕದಲ್ಲಿ ತೆಳ್ಳಗೆ ಗ್ರೀಸ್ ಜಿನುಗಿದ್ದರೆ ಜೋಡಿಸುವಾಗ ಅಂಟಿದ್ದಿರಬಹುದು, ಒರೆಸಿ ಎರಡು ದಿನ ಬಿಟ್ಟು ಮತ್ತೆ ನೋಡಿ. ಬರೀ ಒಣ ಧೂಳಿದ್ದರೆ ಬೂಟ್ ಸರಿಯಾಗಿ ಕೂತಿದೆ. ಊರಿಗೆ ಹೊರಡಬಹುದು.