ಬಾಗಿಲುಗಳನ್ನು ಮೊದಲು ಸರಿಪಡಿಸಿ

ಇಂಗ್ಲಿಷ್ ನಾಟಕಕಾರ ನೋಯೆಲ್ ಕವರ್ಡ್ 1939ರಲ್ಲಿ ಬರೆದ, 1942ರಲ್ಲಿ ಮೊದಲು ರಂಗಕ್ಕೆ ಬಂದ ‘ಪ್ರೆಸೆಂಟ್ ಲಾಫ್ಟರ್’ ಪ್ರಹಸನವನ್ನು ಮಂಗಳೂರಿನ ಪುರಭವನದಲ್ಲಿ ಕನ್ನಡದಲ್ಲಿ ಆಡಿಸುವುದಾದರೆ, ಮಾತು ಕಂಠಪಾಠವಾಗುವ ಮೊದಲೇ ಬಾಗಿಲುಗಳನ್ನು ಸಿದ್ಧಪಡಿಸಿಕೊಳ್ಳಿ. ಆಫ್ರಿಕಾ ಪ್ರವಾಸಕ್ಕೆ ಹೊರಟುನಿಂತ ಖ್ಯಾತ ನಟ ಗ್ಯಾರಿ ಎಸೆಂಡೈನನ ಲಂಡನ್ ಮನೆಯಲ್ಲಿ ಅಭಿಮಾನಿ ಯುವತಿ, ದೂರವಾದ ಹೆಂಡತಿ, ಗೆಳೆಯನ ಮಡದಿ, ತಲೆಕೆಟ್ಟ ಯುವ ನಾಟಕಕಾರ ಇವರೆಲ್ಲ ಎದುರಾಬದುರಾಗದಂತೆ ನೋಡಿಕೊಳ್ಳುವುದರಲ್ಲೇ ಅರ್ಧ ನಗು ಹುಟ್ಟುತ್ತದೆ.

ತಾಲೀಮಿನ ಕೋಣೆಯ ನೆಲದಲ್ಲಿ ಮುಂಬಾಗಿಲು, ಅತಿಥಿಕೋಣೆ, ಕಚೇರಿ, ಮಹಡಿಯ ಮೆಟ್ಟಿಲು ಇವುಗಳನ್ನು ಸೀಮೆಸುಣ್ಣದಿಂದ ಗುರುತಿಸಿ, ಒಂದು ಬಾಗಿಲು ಮುಚ್ಚುವುದಕ್ಕೂ ಇನ್ನೊಂದು ತೆರೆಯುವುದಕ್ಕೂ ನಡುವಿನ ಅಂತರವನ್ನು ಎಣಿಸುತ್ತಾ ಅಭ್ಯಾಸ ಮಾಡಿಸಿ. ಕರಾವಳಿಯ ಮಳೆಗಾಲದಲ್ಲಿ ಮರ ಉಬ್ಬಿ ಚೌಕಟ್ಟಿಗೆ ಕಚ್ಚಿಕೊಳ್ಳುತ್ತದೆ. ನಮ್ಮ ಪ್ರಯೋಗವೊಂದರಲ್ಲಿ ನಾಯಕಿ ಹಿಡಿಯನ್ನೇ ಕಿತ್ತುಕೊಂಡು ಒಳಬಂದಿದ್ದರು. ಆದ್ದರಿಂದ ಬಾಗಿಲಿನ ಸುತ್ತ ಬೆರಳಿನಷ್ಟು ಸಂದು ಬಿಡಿ.

ನಾಯಕನ ಪಾತ್ರಧಾರಿ ನಗಿಸಲು ಹೊರಟರೆ ನಾಟಕ ಸೋತಿತೆಂದೇ ನನ್ನ ಅಭಿಪ್ರಾಯ. ಗ್ಯಾರಿ ತನ್ನ ಸಂಕಟವನ್ನು ನಿಜವೆಂದೇ ನಂಬಿದ್ದಾನೆ, ಆದರೆ ಅಳುವಾಗಲೂ ಕನ್ನಡಿಯ ಕಡೆಗೊಮ್ಮೆ ನೋಡುತ್ತಾನೆ. ಆ ನೋಟ ಒಂದು ಕ್ಷಣ ಮೀರಬಾರದು. ಕೊನೆಯಲ್ಲಿ ಅವನೂ ಹೆಂಡತಿಯೂ ತುದಿಗಾಲಿನಲ್ಲಿ ಹೊರಬೀಳುವಾಗ ಹಿನ್ನೆಲೆ ಸಂಗೀತ ಬೇಡ. ಚಪ್ಪಲಿಯ ಸದ್ದೂ ಕೇಳಿಸಬಾರದು.