ಮುಖ ಬಿಡಿ, ಭುಜ ನೋಡಿ

ನಾನು ಬಳ್ಳಾರಿಯ ಕೌಲ್ ಬಜಾರಿನಲ್ಲಿ ಜೀನ್ಸ್ ಹೊಲಿಯುವವನು. ರಾತ್ರಿ ಮೆಷಿನ್ ನಿಂತ ಮೇಲೆ ದಾರದ ಉಂಡೆಗೆ ಮೊಬೈಲ್ ಆನಿಸಿಟ್ಟು ಹಳೆಯ ಫ್ರೆಂಚ್ ಸಿನಿಮಾ ನೋಡುತ್ತೇನೆ. ನಾಯಕರ ಗೊಡವೆ ನನಗಿಲ್ಲ, ಅವರನ್ನು ಊರೇ ಗುರುತಿಸುತ್ತದೆ. ನಾಲ್ಕು ದೃಶ್ಯಗಳಿಗೆ ಬಂದುಹೋಗುವ ಮುದುಕನನ್ನು ಚಿತ್ರದಿಂದ ಚಿತ್ರಕ್ಕೆ ಹಿಂಬಾಲಿಸುವುದು ನನ್ನ ಚಟ. ನಿಮಗೂ ಈ ಚಟ ಹತ್ತಬೇಕೆಂದಿದ್ದರೆ ಪಾಲ್ ಒಲಿವಿಯೆ ಎಂಬ ನಟನಿಂದ ಶುರುಮಾಡಿ.

ಮೊದಲು ಹೆಸರು. ಬಾಯಲ್ಲಿ ‘ಒಲಿವಿಯೆ’ ಎಂದರೂ ಬರಹದಲ್ಲಿ ಕೊನೆಗೊಂದು ‘ಆರ್’ ಇರುತ್ತದೆ. ನಡುವಿನ ‘ಎಲ್’ ಕೆಲವೆಡೆ ಒಂದು, ಕೆಲವೆಡೆ ಎರಡು. ಎರಡೂ ರೀತಿಯಲ್ಲಿ ಹುಡುಕಿ. ನಾನು ಒಂದನ್ನೇ ನಂಬಿ ಒಂದು ವಾರ ಕಳೆದೆ.

ಆಮೇಲೆ ನಿರ್ದೇಶಕನ ಬೆನ್ನು ಹತ್ತಿ. ರೆನೆ ಕ್ಲೇರ್ ತನಗೆ ಒಗ್ಗಿದವರನ್ನು ಮತ್ತೆ ಮತ್ತೆ ಕರೆಸಿಕೊಳ್ಳುತ್ತಿದ್ದ, ನಮ್ಮ ನಾಟಕ ಕಂಪನಿಗಳ ಮಾಲೀಕರ ಹಾಗೆ. 1928ರ ಮೂಕಿಚಿತ್ರ ‘ಇಟಲಿಯ ಹುಲ್ಲುಟೋಪಿ’ಯಲ್ಲಿ ಒಲಿವಿಯೆ ಕಿವಿಗೆ ಕೊಳವೆ ಹಿಡಿಯುವ ಕಿವುಡ ಮಾವ. ಮಾತೇ ಇಲ್ಲದ ಚಿತ್ರದಲ್ಲಿ ಕಿವುಡನ ಪಾತ್ರ! ಇಲ್ಲಿ ಅವನ ಮೈಯನ್ನಷ್ಟೇ ಓದಿಕೊಳ್ಳಿ. ನಂತರ 1931ರ ‘ಲ ಮಿಲಿಯೋಂ’ ಹಾಕಿ. ಅದರಲ್ಲಿ ಅವನು ಕಳ್ಳರ ಮುಖಂಡ ‘ಪೇರ್ ಲಾ ತುಲಿಪ್’. ಲಾಟರಿ ಟಿಕೆಟ್ ಜೇಬಿನಲ್ಲಿರುವ ಹಳೆಯ ಕೋಟೊಂದು ಅವನ ಕೈ ಸೇರಿ, ಅಲ್ಲಿಂದ ಒಪೆರಾ ಗಾಯಕನ ಮೈಗೇರುತ್ತದೆ. ಕೊನೆಗೆ ಆ ಕೋಟಿಗಾಗಿ ನಡೆಯುವ ಎಳೆದಾಟಕ್ಕೆ ಕ್ಲೇರ್ ರಗ್ಬಿ ಮೈದಾನದ ಗದ್ದಲವನ್ನು ಜೋಡಿಸಿದ್ದಾನೆ. ನಗಬೇಕಾದ ದೃಶ್ಯವೇ, ಆದರೆ ತೋಳಿನ ಹೊಲಿಗೆ ಬಿಟ್ಟೀತೆಂದು ನನ್ನ ಜೀವ ಹಿಡಿಯಾಗಿತ್ತು.

ಇನ್ನು ಗುರುತು ಹಿಡಿಯುವ ಬಗೆ. ಗಡ್ಡ, ಮೀಸೆ, ಟೋಪಿಯನ್ನು ನಂಬಬೇಡಿ, ಅವು ಮೇಕಪ್ಪಿನವನ ಸೊತ್ತು. ಪೂರ್ತಿ ಆಳು ಕಾಣುವ ಕಡೆ ಚಿತ್ರ ನಿಲ್ಲಿಸಿ. ಕಾಲರಿನಿಂದ ಭುಜದ ತುದಿಯವರೆಗೆ ತೆರೆಯ ಮೇಲೊಂದು ದಾರ ಹಿಡಿಯಿರಿ. ಆ ಇಳಿಜಾರು ಎಷ್ಟಿದೆ, ಕತ್ತು ಕಾಲರಿನಿಂದ ಎಷ್ಟು ಮುಂದೆ ಬಂದಿದೆ, ಕೈ ಮಡಚಿದರೆ ಕಫ್ ಎಲ್ಲಿಗೇರುತ್ತದೆ, ಬರೆದಿಡಿ. ಗಿರಾಕಿ ಹತ್ತು ವರ್ಷದ ಮೇಲೆ ಬಂದರೂ ಸೊಂಟ ಬದಲಾಗಿರುತ್ತದೆ, ಭುಜ ಅಷ್ಟಾಗಿ ಬದಲಾಗಿರುವುದಿಲ್ಲ. ಒಂದು ಮೋಸವಿದೆ: ಕೋಟಿನ ಒಳಗೆ ಪ್ಯಾಡ್ ಇದ್ದರೆ ಇಳಿಜಾರು ಸುಳ್ಳು ಹೇಳುತ್ತದೆ. ಆಗ ಅವನು ಬಾಗುವವರೆಗೆ ಕಾದು ಬೆನ್ನಿನ ನೆರಿಗೆ ನೋಡಿ.

ದನಿಗೆ ಬೇರೆ ಪಾಠ. ನಾಲ್ವರು ಒಟ್ಟಿಗೆ ಮಾತಾಡಿದರೆ ಸಬ್‌ಟೈಟಲ್ ಸಾಮಾನ್ಯವಾಗಿ ಒಬ್ಬಿಬ್ಬರದನ್ನೇ ಕೊಡುತ್ತದೆ, ಬಿಟ್ಟುಹೋಗುವವರು ನಮ್ಮ ಸಣ್ಣ ನಟರೇ. ಅಂಥ ಕಡೆ ಕಣ್ಣು ಮುಚ್ಚಿ ಕೇಳಿ.

ಕಳೆದ ವಾರ 1933ರ ‘ಕತೋರ್ಜ್ ಜುಯಿಯೆ’ ಹಾಕಿದ್ದೆ. ಎತ್ತರದ ಟೋಪಿಯ ಕುಡುಕ ಶ್ರೀಮಂತನೊಬ್ಬ ಬಂದ. ಪಕ್ಕದಲ್ಲಿ ಒಗ್ಗರಣೆ ಮಿರ್ಚಿ ತಿನ್ನುತ್ತಿದ್ದ ಹೆಲ್ಪರ್ ಹುಡುಗ, “ಅಣ್ಣಾ, ಇವನು ಆ ಕಿವುಡ ಮಾವನಲ್ಲವೇ?” ಎಂದ. ನಾನು ಹೂಂ ಅನ್ನುವ ಮೊದಲೇ ಬಾಬಿನ್‌ನಿಂದ ದಾರ ಎಳೆದು ತೆರೆಯ ಮೇಲಿಟ್ಟ. ಮೊಬೈಲ್ ತುಂಬ ಎಣ್ಣೆ.